ಕೇಳಿಸಿಕೊಳ್ಳುವ ಮುಖ: ನಾರ್ವೆಯ ಅಭಿನೇತ್ರಿ ಲಿವ್ ಉಲ್ಮನ್

ನಾರ್ವೆಯ ಒಂದು ಹಳ್ಳಿಯಲ್ಲಿ ಪಾದ್ರಿಯೊಬ್ಬನ ಮನೆ. ಹೊರಗೆ ಶರತ್ಕಾಲದ ಮಂದ ಬೆಳಕು. ಒಳಗೆ ಒಂದು ಪಿಯಾನೊ. ಏಳು ವರ್ಷಗಳ ಬಳಿಕ ಮಗಳನ್ನು ಕಾಣಲು ತಾಯಿ ಬಂದಿದ್ದಾಳೆ. ತಾಯಿ ದೇಶದೇಶಗಳಲ್ಲಿ ಕಚೇರಿ ನಡೆಸಿ ಕೀರ್ತಿ ಪಡೆದ ವಾದಕಿ. ಮಗಳು ಪಾದ್ರಿಯ ಹೆಂಡತಿ, ಕನ್ನಡಕ ಧರಿಸಿ ಜಡೆಯನ್ನು ತಲೆಗೆ ಸುತ್ತಿಕೊಂಡ ಸಾಧಾರಣ ಗೃಹಿಣಿ. ತಾಯಿ ಕೇಳಿದಳೆಂದು ಮಗಳು ಶೋಪಾನನ ಪುಟ್ಟ ಕೃತಿಯೊಂದನ್ನು ಅಳುಕುತ್ತ ನುಡಿಸುತ್ತಾಳೆ. ತಾಯಿ ಮೆಚ್ಚಿಕೆಯ ಮಾತನಾಡುತ್ತಾಳೆ; ಆದರೆ ಆ ಮೆಚ್ಚಿಕೆ ತುಟಿಯಿಂದ ಬಂದದ್ದೇ ಹೊರತು ಮನಸ್ಸಿನಿಂದ ಬಂದದ್ದಲ್ಲವೆಂಬುದು ಮಗಳಿಗೆ ತಿಳಿಯದೆ ಇರುವುದಿಲ್ಲ. ನುಡಿಸಬೇಕಾದ ರೀತಿ ಯಾವುದೆಂದು ಕೇಳುತ್ತಾಳೆ. ತಾಯಿ ಅವಳ ಪಕ್ಕದಲ್ಲಿ ಕುಳಿತು ಅದೇ ಕೃತಿಯನ್ನು ನುಡಿಸತೊಡಗುತ್ತಾಳೆ.

ಆಗ ಕ್ಯಾಮರಾ ಪಿಯಾನೊ ಮೇಲೆ ಓಡುವ ಬೆರಳುಗಳನ್ನು ಬಿಟ್ಟು ಎರಡು ಮುಖಗಳ ಮೇಲೆ ನೆಲೆಸುತ್ತದೆ. ತಾಯಿಯ ಕಣ್ಣು ಸಂಗೀತದ ಮೇಲೆ. ಮಗಳ ಕಣ್ಣು ತಾಯಿಯ ಮುಖದ ಮೇಲೆ. ಆ ನೋಟದಲ್ಲಿ ಬೆರಗಿದೆ, ಅವಮಾನವಿದೆ, ಎಳವೆಯಿಂದ ಹಿಂಗದೆ ಉಳಿದ ಹಸಿವಿದೆ. ಇಷ್ಟಕ್ಕೂ ಮಗಳ ಬಾಯಿಂದ ಒಂದು ಮಾತೂ ಹೊರಡುವುದಿಲ್ಲ.

ಇದು ೧೯೭೮ರಲ್ಲಿ ತೆರೆಕಂಡ 'ಆಟಮ್ ಸೊನಾಟಾ' ಚಿತ್ರದ ದೃಶ್ಯ. ದಿಗ್ದರ್ಶಕ ಸ್ವೀಡನ್ನಿನ ಇಂಗ್ಮಾರ್ ಬರ್ಗ್‌ಮನ್. ತಾಯಿಯ ಪಾತ್ರದಲ್ಲಿ ಇಂಗ್ರಿಡ್ ಬರ್ಗ್‌ಮನ್. ಮಗಳು ಈವಾಳ ಪಾತ್ರದಲ್ಲಿ ನಾರ್ವೆಯ ಲಿವ್ ಉಲ್ಮನ್. ತೆರೆಯ ಮೇಲೆ ಚೆನ್ನಾಗಿ ಮಾತನಾಡಬಲ್ಲ ನಟಿಯರು ಎಲ್ಲ ದೇಶಗಳಲ್ಲಿಯೂ ಇದ್ದಾರೆ. ಇನ್ನೊಬ್ಬರು ಮಾತನಾಡುವಾಗ ನಿಜವಾಗಿ ಕೇಳಿಸಿಕೊಳ್ಳಬಲ್ಲ ನಟಿಯರು ವಿರಳ. ಈ ವಿರಳರಲ್ಲಿ ಲಿವ್ ಉಲ್ಮನ್ ಅಗ್ರಗಣ್ಯಳೆಂದು ಹೇಳಲು ಈ ಲೇಖಕನಿಗೆ ಸಂಕೋಚವಿಲ್ಲ.

ನಾರ್ವೆಯ ನಟಿಯಾದರೂ ಆಕೆ ಹುಟ್ಟಿದ್ದು ಜಪಾನಿನ ಟೋಕಿಯೋ ನಗರದಲ್ಲಿ, ೧೯೩೮ರ ಡಿಸೆಂಬರ್ ೧೬ರಂದು. ತಂದೆ ಇಂಜಿನಿಯರ್, ಉದ್ಯೋಗ ಆತನನ್ನು ಅಷ್ಟು ದೂರ ಒಯ್ದಿತ್ತು. ೧೯೪೦ರ ಏಪ್ರಿಲಿನಲ್ಲಿ ಜರ್ಮನಿಯ ಸೈನ್ಯ ನಾರ್ವೆಯನ್ನು ಆಕ್ರಮಿಸಿತು. ಸ್ವದೇಶಕ್ಕೆ ಮರಳುವ ದಾರಿ ಮುಚ್ಚಿದಾಗ ಸಂಸಾರ ಕೆನಡಾಕ್ಕೆ ಹೋಯಿತು. ದೇಶಭ್ರಷ್ಟರಾದ ನಾರ್ವೆಯ ವೈಮಾನಿಕರು ಅಲ್ಲಿ ಟೊರಾಂಟೊ ನಗರದ ಬಳಿ ತರಬೇತಿಯ ಶಿಬಿರ ಸ್ಥಾಪಿಸಿಕೊಂಡಿದ್ದರು. ಅದಕ್ಕೆ ಅವರಿಟ್ಟಿದ್ದ ಹೆಸರು 'ಪುಟ್ಟ ನಾರ್ವೆ'. ಲಿವ್‌ಳ ತಂದೆ ಅಲ್ಲಿ ಸೇವೆ ಸಲ್ಲಿಸಿದ. ಮುಂದೆ ನ್ಯೂಯಾರ್ಕಿನಲ್ಲಿ ಕಾಯಿಲೆಯಿಂದ ತೀರಿಕೊಂಡ. ಮಗುವಿಗೆ ಆಗ ಆರರ ಪ್ರಾಯ. ಅತ್ತ ನಾರ್ವೆಯಲ್ಲಿ, ಯಹೂದ್ಯರು ತಪ್ಪಿಸಿಕೊಂಡು ಹೋಗಲು ನೆರವಾದನೆಂಬ ಅಪರಾಧಕ್ಕಾಗಿ ನಾಜಿಗಳು ಅವಳ ಅಜ್ಜನನ್ನು ಹಿಡಿದು ಡಾಕೌ ಸೆರೆಶಿಬಿರಕ್ಕೆ ಸಾಗಿಸಿದರು. ಆತ ಅಲ್ಲಿಂದ ಹಿಂದಿರುಗಲಿಲ್ಲ.

ಯುದ್ಧ ಮುಗಿದ ಮೇಲೆ ವಿಧವೆಯಾದ ತಾಯಿ ಇಬ್ಬರು ಹೆಣ್ಣುಮಕ್ಕಳನ್ನು ಕರೆದುಕೊಂಡು ನಾರ್ವೆಗೆ ಬಂದಳು. ಟ್ರೊಂಡ್‌ಹೈಮ್ ಪಟ್ಟಣದಲ್ಲಿ ನೆಲೆಸಿ, ಪುಸ್ತಕ ಮಾರಾಟದ ಕೆಲಸದಿಂದ ಮಕ್ಕಳನ್ನು ಸಾಕಿದಳು. ಮಗಳು ತನ್ನ ದೇಶವನ್ನು ಮೊದಲು ಕಂಡದ್ದು ಹೀಗೆ, ಯುದ್ಧದಲ್ಲಿ ಜರ್ಜರಿತವಾಗಿದ್ದಾಗ, ಹೊರಗಿನಿಂದ ಬಂದವಳಂತೆ. ಆಕೆಯ ಮುಂದಿನ ಬದುಕನ್ನು ನೋಡುವಾಗ ಈ ಸಂಗತಿಯನ್ನು ಮರೆಯುವಂತಿಲ್ಲ.

ಹದಿನೇಳರ ಪ್ರಾಯದಲ್ಲಿ ಶಾಲೆ ಬಿಟ್ಟು, ನಟನೆ ಕಲಿಯುವ ಹಂಬಲದಿಂದ ಆಕೆ ಲಂಡನ್ನಿಗೆ ಹೋದಳು. ಕೆಲವು ತಿಂಗಳ ಕಲಿಕೆಯ ತರುವಾಯ ಓಸ್ಲೋ ನಗರದ ರಾಷ್ಟ್ರೀಯ ನಾಟಕಶಾಲೆಯ ಪ್ರವೇಶಪರೀಕ್ಷೆಗೆ ನಿಂತಳು. ಪರೀಕ್ಷಕರು ಆಕೆಯನ್ನು ಆರಿಸಿಕೊಳ್ಳಲಿಲ್ಲ. ಮುಂದೆ ನಾರ್ವೆಯ ಹೆಸರನ್ನು ಜಗತ್ತಿನ ತೆರೆಗೆ ಒಯ್ದ ಹುಡುಗಿ ಸ್ವದೇಶದ ನಾಟಕಶಾಲೆಗೆ ಬೇಡವಾಗಿದ್ದಳು! ಆದರೆ ಸ್ತಾವಾಂಗರ್ ಪಟ್ಟಣದ ರಂಗಮಂದಿರ ಆಕೆಯನ್ನು ಸ್ವೀಕರಿಸಿತು. ೧೯೫೭ರಲ್ಲಿ ಅಲ್ಲಿ ಆಕೆಗೆ ದೊರೆತ ಪಾತ್ರ ಆನ್ ಫ್ರಾಂಕ್. ನಾಜಿಗಳ ಭಯದಿಂದ ಆಮ್‌ಸ್ಟರ್‌ಡಾಮಿನ ಮನೆಯೊಂದರಲ್ಲಿ ಅವಿತುಕೊಂಡು ದಿನಚರಿ ಬರೆದ ಯಹೂದಿ ಬಾಲೆ. ಅಜ್ಜನನ್ನು ಡಾಕೌದಲ್ಲಿ ಕಳೆದುಕೊಂಡವಳಿಗೆ ಆ ಪಾತ್ರ ಬರಿಯ ವೇಷವಾಗಿರಲು ಸಾಧ್ಯವೇ?

ಲಿವ್ ಉಲ್ಮನ್ ಎಂದೊಡನೆ ಬರ್ಗ್‌ಮನ್ ಹೆಸರನ್ನು ಹೇಳುವುದು ವಾಡಿಕೆಯಾಗಿಬಿಟ್ಟಿದೆ. ಆದರೆ ಆಕೆಗೆ ಚಲಚ್ಚಿತ್ರದಲ್ಲಿ ಮೊದಲ ನಾಯಕಿಯ ಪಾತ್ರವನ್ನು ಕೊಟ್ಟದ್ದು ಒಬ್ಬ ಮಹಿಳೆ. ಈಡಿತ್ ಕಾರ್ಲ್ಮಾರ್ ನಾರ್ವೆಯ ಪ್ರಥಮ ಮಹಿಳಾ ದಿಗ್ದರ್ಶಕಿ. ೧೯೪೯ರಿಂದ ೧೯೫೯ರವರೆಗಿನ ಹತ್ತು ವರ್ಷಗಳಲ್ಲಿ, ಪತಿಯೊಡನೆ ಸ್ವಂತ ಸಂಸ್ಥೆ ನಡೆಸಿ, ಹತ್ತು ಚಿತ್ರಗಳನ್ನು ಮಾಡಿದವಳು. ಆಕೆಯ ಕೊನೆಯ ಚಿತ್ರವೇ ೧೯೫೯ರ 'ಉಂಗ್ ಫ್ಲುಕ್ತ್'. ಕೆಟ್ಟ ಹೆಸರು ಹೊತ್ತ ಹುಡುಗಿಯೊಬ್ಬಳು ಸಭ್ಯ ಮನೆತನದ ತರುಣನೊಡನೆ ಕಾಡಿನ ನಡುವಣ ಗುಡಿಸಲಿಗೆ ಓಡಿಹೋಗುವ ಕಥೆ. ಹುಡುಗಿ ಗೆರ್ಡ್‌ಳಾಗಿ ಇಪ್ಪತ್ತರ ಲಿವ್ ಉಲ್ಮನ್. ಕೆಲವು ದೃಶ್ಯಗಳು ಆ ಕಾಲಕ್ಕೆ ಹುಬ್ಬೇರಿಸುವಂತಿದ್ದವು. ಹುಡುಗಿಯನ್ನು ಕೆಟ್ಟವಳೆಂದು ತೀರ್ಪು ಕೊಟ್ಟು ಕೈತೊಳೆದುಕೊಳ್ಳದೆ, ಅವಳ ಪಾಡನ್ನು ಅವಳ ಕಡೆಯಿಂದ ನೋಡಿದ್ದು ಕಾರ್ಲ್ಮಾರ್‌ಳ ಹಿರಿಮೆ. ಆ ಬಳಿಕ ಆಕೆ ಮತ್ತೆ ಚಿತ್ರ ದಿಗ್ದರ್ಶಿಸಲಿಲ್ಲ. ಒಬ್ಬಳು ಕ್ಯಾಮರಾ ಬಿಟ್ಟ ಚಿತ್ರದಲ್ಲಿಯೇ ಇನ್ನೊಬ್ಬಳು ಕ್ಯಾಮರಾದ ಎದುರಿಗೆ ಬಂದಳು.

೧೯೬೦ರಲ್ಲಿ ಆಕೆಗೆ ಮನೋವೈದ್ಯನೊಬ್ಬನೊಡನೆ ವಿವಾಹವಾಯಿತು. ಓಸ್ಲೋ ರಂಗಭೂಮಿಯಲ್ಲಿ ಹೆಸರೂ ಬಂದಿತು. ೧೯೬೨ರ ಒಂದು ಚಿತ್ರದಲ್ಲಿ ಜೊತೆಗೆ ನಟಿಸಿದ್ದ ಸ್ವೀಡನ್ನಿನ ತಾರೆ ಬೀಬಿ ಆಂಡರ್ಸನ್ ಆಪ್ತ ಗೆಳತಿಯಾದಳು. ಗೆಳತಿಯರಿಬ್ಬರೂ ಒಮ್ಮೆ ಸ್ಟಾಕ್‌ಹೋಮಿನ ಬೀದಿಯಲ್ಲಿ ನಡೆದುಹೋಗುತ್ತಿದ್ದಾಗ ಬರ್ಗ್‌ಮನ್ ಎದುರಾದ. ತರುವಾಯ ೧೯೬೫ರಲ್ಲಿ ಆತ ನ್ಯುಮೋನಿಯಾದಿಂದ ಆಸ್ಪತ್ರೆ ಸೇರಿದ. ಒಂದನ್ನೊಂದು ಹೋಲುವ ಈ ಎರಡು ಮುಖಗಳು ಹಾಸಿಗೆಯಲ್ಲಿ ಮಲಗಿದ್ದ ಆತನ ಮನಸ್ಸನ್ನು ಬಿಡಲಿಲ್ಲ. ಆಸ್ಪತ್ರೆಯಲ್ಲಿಯೇ ಆತ ಬರೆದ ಚಿತ್ರಕಥೆ 'ಪರ್ಸೋನಾ'.

'ಪರ್ಸೋನಾ' ಚಿತ್ರದ ನಾಯಕಿ ಎಲಿಸಬೆತ್ ವೋಗ್ಲರ್ ಪ್ರಖ್ಯಾತ ನಟಿ. ಗ್ರೀಕ್ ದುರಂತ ನಾಟಕದಲ್ಲಿ ಎಲೆಕ್ಟ್ರಾಳಾಗಿ ಅಭಿನಯಿಸುತ್ತಿರುವಾಗ ಅವಳ ಮಾತು ತಟಕ್ಕನೆ ನಿಂತುಬಿಡುತ್ತದೆ. ರೋಗವಲ್ಲ, ಮಾತನಾಡುವುದು ಬೇಡವೆಂದು ಅವಳೇ ನಿಶ್ಚಯಿಸಿದ್ದಾಳೆ. ವೈದ್ಯೆ ಅವಳನ್ನು ನರ್ಸ್ ಅಲ್ಮಾಳೊಡನೆ ಸಮುದ್ರತೀರದ ಮನೆಗೆ ಕಳುಹಿಸುತ್ತಾಳೆ. ಅಲ್ಮಾ, ಅಂದರೆ ಬೀಬಿ ಆಂಡರ್ಸನ್, ಮಾತನಾಡುತ್ತಾಳೆ, ಮಾತನಾಡುತ್ತಲೇ ಹೋಗುತ್ತಾಳೆ, ಯಾರಿಗೂ ಹೇಳದ ಗುಟ್ಟುಗಳನ್ನೆಲ್ಲ ಹೇಳಿಬಿಡುತ್ತಾಳೆ. ಎಲಿಸಬೆತ್ ಕೇಳುತ್ತಾಳೆ. ಇಡೀ ಚಿತ್ರದಲ್ಲಿ ಲಿವ್‌ಳ ಬಾಯಿಂದ ಬರುವ ಮಾತುಗಳನ್ನು ಬೆರಳೆಣಿಕೆಯಲ್ಲಿ ಮುಗಿಸಬಹುದು. ಸ್ವೀಡಿಷ್ ಚಿತ್ರದಲ್ಲಿ ನಾರ್ವೆಯ ಉಚ್ಚಾರ ತೊಡಕಾಗದೆ ಹೋದದ್ದು ಒಂದು ಸಣ್ಣ ಅನುಕೂಲವೆನ್ನೋಣ!

ಚಿತ್ರದ ಕೊನೆಯ ಭಾಗದಲ್ಲಿ ಒಂದು ವಿಲಕ್ಷಣ ಪ್ರಯೋಗವಿದೆ. ಎಲಿಸಬೆತ್ ತನ್ನ ಮಗನನ್ನು ಬಯಸದೆ ಹೆತ್ತವಳು, ಅವನನ್ನು ಪ್ರೀತಿಸಲಾರದವಳು ಎಂದು ಅಲ್ಮಾ ದೀರ್ಘವಾಗಿ ಹೇಳುತ್ತಾಳೆ. ಅಷ್ಟೂ ಹೊತ್ತು ಕ್ಯಾಮರಾ ಎಲಿಸಬೆತ್‌ಳ ಮುಖವನ್ನೇ ನೋಡುತ್ತಿರುತ್ತದೆ. ಮಾತು ಮುಗಿದಾಗ ಅದೇ ಮಾತು ಅಕ್ಷರಶಃ ಮತ್ತೊಮ್ಮೆ ಬರುತ್ತದೆ. ಈ ಬಾರಿ ಕ್ಯಾಮರಾ ಮಾತನಾಡುವ ಅಲ್ಮಾಳ ಕಡೆಗೆ ತಿರುಗಿದೆ. ಕಡೆಯಲ್ಲಿ ಇಬ್ಬರ ಅರ್ಧರ್ಧ ಮುಖಗಳು ಕೂಡಿ ಒಂದೇ ಮುಖವಾಗುತ್ತವೆ. ಛಾಯಾಗ್ರಾಹಕ ಸ್ವೆನ್ ನಿಕ್ವಿಸ್ಟನ ಬೆಳಕಿನ ಕೌಶಲದಿಂದಾದ ಆ ಮುಖವನ್ನು ಮೊದಲು ಕಂಡಾಗ ನಟಿಯರಿಗೇ ತಮ್ಮ ಗುರುತು ಸಿಕ್ಕಲಿಲ್ಲವಂತೆ. ಜನ ಈ ಕೂಡಿದ ಮುಖವನ್ನು ನೆನೆಯುತ್ತಾರೆ. ನನಗೆ ಅದಕ್ಕಿಂತ ಅಮೂಲ್ಯವಾಗಿ ತೋರುವುದು ಮೊದಲನೆಯ ಸಲದ ದೃಶ್ಯ: ತನ್ನ ಮೇಲಿನ ಆಪಾದನೆಯನ್ನು ಮೌನವಾಗಿ ಕೇಳುತ್ತಿರುವ ತಾಯಿಯೊಬ್ಬಳ ಮುಖ.

ಚಿತ್ರೀಕರಣ ಬಾಲ್ಟಿಕ್ ಸಮುದ್ರದ ಫೋರೋ ದ್ವೀಪದಲ್ಲಿ ನಡೆಯಿತು. ಬರ್ಗ್‌ಮನ್ ಆಕೆಗಿಂತ ಇಪ್ಪತ್ತು ವರ್ಷ ಹಿರಿಯ. ಇಬ್ಬರೂ ಬೇರೆಯವರೊಡನೆ ವಿವಾಹಿತರಾಗಿದ್ದರು. ಆ ಬೇಸಿಗೆಯಲ್ಲಿ ಅವರ ನಡುವೆ ಪ್ರೇಮ ಬೆಳೆಯಿತು. ೧೯೬೬ರ ಆಗಸ್ಟಿನಲ್ಲಿ ಮಗಳು ಲಿನ್ ಜನಿಸಿದಳು. ಬರ್ಗ್‌ಮನ್ ದ್ವೀಪದಲ್ಲಿ ಮನೆ ಕಟ್ಟಿಸಿದ. ಅವರು ಮದುವೆಯಾಗಲಿಲ್ಲ, ಕೆಲವು ವರ್ಷ ಒಟ್ಟಿಗೆ ಬಾಳಿ ಅಗಲಿದರು. ಕಲ್ಲು, ಗಾಳಿ, ಕಡಲು, ಕೆಲಸದಲ್ಲಿ ಮುಳುಗಿದ ಒಬ್ಬ ಗಂಡಸು: ಮೂವತ್ತು ತುಂಬದ ಹೆಣ್ಣಿಗೆ ಅಲ್ಲಿನ ಒಂಟಿತನ ಎಷ್ಟು ಭಾರವಾಗಿತ್ತೆಂಬುದನ್ನು ಆಕೆಯೇ ಮುಂದೆ ಬರೆದಿದ್ದಾಳೆ. ಅಗಲಿದ ಮೇಲೂ ಅವರ ಕೆಲಸ ನಿಲ್ಲಲಿಲ್ಲ. 'ಕ್ರೈಸ್ ಅಂಡ್ ವಿಸ್ಪರ್ಸ್', 'ಸೀನ್ಸ್ ಫ್ರಮ್ ಎ ಮ್ಯಾರೇಜ್', 'ಫೇಸ್ ಟು ಫೇಸ್' ಮುಂತಾದ ಚಿತ್ರಗಳು ಒಂದಾದ ಮೇಲೊಂದು ಬಂದವು. ನ್ಯೂಯಾರ್ಕಿನ ಚಿತ್ರವಿಮರ್ಶಕರ ಮಂಡಲಿ ಆಕೆಯನ್ನು ೧೯೭೨, ೧೯೭೪, ೧೯೭೬ ಈ ಮೂರು ವರ್ಷಗಳಲ್ಲಿ ಶ್ರೇಷ್ಠ ನಟಿಯೆಂದು ಗೌರವಿಸಿತು.

ಬರ್ಗ್‌ಮನ್ ಆಕೆಯನ್ನು ತನ್ನ 'ಸ್ಟ್ರಾಡಿವೇರಿಯಸ್' ಎಂದು ಕರೆದನೆಂಬುದು ಪ್ರಸಿದ್ಧ ಮಾತು. ಸ್ಟ್ರಾಡಿವೇರಿಯಸ್ ಎಂದರೆ ಬೆಲೆಕಟ್ಟಲಾಗದ ಪಿಟೀಲು. ದೊಡ್ಡ ಪ್ರಶಂಸೆ, ಸಂದೇಹವಿಲ್ಲ. ಆದರೂ ಪಿಟೀಲು ತಾನಾಗಿ ನುಡಿಯದು. ನುಡಿಸುವ ಕೈ ಇನ್ನೊಬ್ಬರದು.

ಆ ಕೈ ಇಲ್ಲದೆಯೂ ಆಕೆ ನುಡಿಯಬಲ್ಲಳೆಂದು ಸಿದ್ಧವಾದದ್ದು ಯಾನ್ ತ್ರೊಯೆಲ್ ದಿಗ್ದರ್ಶಿಸಿದ 'ದಿ ಎಮಿಗ್ರಂಟ್ಸ್' (೧೯೭೧) ಮತ್ತು ಅದರ ಮುಂದಿನ ಭಾಗ 'ದಿ ನ್ಯೂ ಲ್ಯಾಂಡ್' (೧೯೭೨) ಚಿತ್ರಗಳಲ್ಲಿ. ವಿಲ್‌ಹೆಲ್ಮ್ ಮೂಬೆರ್ಗನ ಕಾದಂಬರಿಗಳ ಆಧಾರ. ಹತ್ತೊಂಬತ್ತನೆಯ ಶತಮಾನದ ನಡುವಿನಲ್ಲಿ ಕಲ್ಲುಗಾಡಿನ ಹೊಲವನ್ನು ಬಿಟ್ಟು ಅಮೆರಿಕೆಯ ಮಿನೆಸೋಟಕ್ಕೆ ವಲಸೆಹೋಗುವ ಸ್ವೀಡಿಷ್ ರೈತರ ಕಥೆ. ಗಂಡ ಕಾರ್ಲ್ ಆಸ್ಕರನಾಗಿ ಮಾಕ್ಸ್ ವಾನ್ ಸಿಡೋ, ಹೆಂಡತಿ ಕ್ರಿಸ್ಟೀನಾ ಆಗಿ ಲಿವ್. ಗಂಡನಿಗೆ ಹೊಸ ನೆಲ ಹೊಸ ಬದುಕು; ಹೆಂಡತಿಗೆ ಮೇಲಿಂದ ಮೇಲೆ ಹೆರಿಗೆ, ದುಡಿತ, ಹಿಂದೆ ಬಿಟ್ಟುಬಂದ ಊರಿನ ಹಂಬಲ. ತವರುನಾಡಿನ ಬೀಜದಿಂದ ಮನೆಯ ಬಳಿ ಬೆಳೆಸಿದ ಸೇಬಿನ ಮರವೊಂದೇ ಅವಳಿಗೆ ಸಮಾಧಾನ. ಕ್ರಿಸ್ಟೀನಾ ಹೆಚ್ಚು ಮಾತನಾಡುವವಳಲ್ಲ. ಆದರೆ ಹಡಗಿನ ಒಡಲಲ್ಲಿ ಕಾಯಿಲೆ ಬಿದ್ದ ಅವಳ ಮುಖವನ್ನು ನೋಡಿದವರಿಗೆ ವಲಸೆ ಎಂಬ ಪದದ ತೂಕ ತಿಳಿಯುತ್ತದೆ. ಈ ಪಾತ್ರಕ್ಕೆ ಗೋಲ್ಡನ್ ಗ್ಲೋಬ್ ಪ್ರಶಸ್ತಿ ಬಂದಿತು. ಆಸ್ಕರ್ ಸ್ಪರ್ಧೆಗೆ ಹೆಸರು ಸೂಚಿತವಾಯಿತು. ೧೯೭೭ರಲ್ಲಿ 'ಫೇಸ್ ಟು ಫೇಸ್' ಚಿತ್ರಕ್ಕಾಗಿ ಇನ್ನೊಮ್ಮೆ ಸೂಚಿತವಾಯಿತು. ಎರಡು ಸಲವೂ ಪ್ರಶಸ್ತಿ ಬೇರೆಯವರ ಪಾಲಾಯಿತು.

ಹಾಲಿವುಡ್ ಕರೆಯದೆ ಬಿಡುತ್ತದೆಯೇ? ಕರೆಯಿತು, ೧೯೭೩ರಲ್ಲಿ 'ಲಾಸ್ಟ್ ಹೊರೈಜನ್' ಎಂಬ ಸಂಗೀತಮಯ ಅದ್ದೂರಿ ಚಿತ್ರ, ಅದರ ಹಿಂದೆಯೇ 'ಫಾರ್ಟಿ ಕ್ಯಾರಟ್ಸ್' ಎಂಬ ವಿನೋದಚಿತ್ರ. ಮೊದಲನೆಯದು ಮುಳುಗಿತು, ಎರಡನೆಯದು ತೇಲಿತೆನ್ನುವಂತಿಲ್ಲ. ಮುಖದ ಸೂಕ್ಷ್ಮವನ್ನು ಕಾದು ನೋಡುವ ತಾಳ್ಮೆ ಆ ಚಿತ್ರಗಳಿಗಿರಲಿಲ್ಲ. ಅವುಗಳ ಬಗ್ಗೆ ಹೆಚ್ಚು ಹೇಳಬೇಕಾದುದಿಲ್ಲ. ಆದರೆ ೧೯೭೫ರಲ್ಲಿ ನ್ಯೂಯಾರ್ಕಿನ ರಂಗಭೂಮಿಯ ಮೇಲೆ ಆಕೆ ಇಬ್ಸನ್ನನ 'ಗೊಂಬೆಯ ಮನೆ' ನಾಟಕದ ನೋರಾ ಆದಳು. ಇಬ್ಸನ್ ನಮ್ಮ ನಾಟಕಪ್ರಿಯರಿಗೂ ಹೊಸಬನಲ್ಲ. ಗಂಡನನ್ನೂ ಮಕ್ಕಳನ್ನೂ ಬಿಟ್ಟು ಬಾಗಿಲು ಎಳೆದುಕೊಂಡು ಹೊರಟ ನೋರಾಳನ್ನು ಆಕೆಯ ಸ್ವದೇಶದವಳೇ ಇಂಗ್ಲಿಷಿನಲ್ಲಿ ಅಭಿನಯಿಸಿದಳು.

ನೋರಾ ಬಿಟ್ಟುಹೋದ ಮಕ್ಕಳ ಗತಿಯೇನು? ನಾಟಕ ಅದನ್ನು ಹೇಳುವುದಿಲ್ಲ. ಲಿವ್‌ಗೆ ಮಾತ್ರ ಆ ಪ್ರಶ್ನೆ ದಿನನಿತ್ಯದ್ದಾಗಿತ್ತು. ತಂದೆ ಬೇರೆ, ತಾಯಿ ಇಂದು ಚಿತ್ರೀಕರಣಕ್ಕೆ, ನಾಳೆ ನಾಟಕಕ್ಕೆಂದು ಊರೂರು ಸುತ್ತುವವಳು, ನಡುವೆ ಪುಟ್ಟ ಲಿನ್. ೧೯೭೬ರಲ್ಲಿ ನಾರ್ವೆಯಲ್ಲಿಯೂ ಮರುವರ್ಷ ಇಂಗ್ಲಿಷಿನಲ್ಲಿ 'ಚೇಂಜಿಂಗ್' ಎಂಬ ಹೆಸರಿನಿಂದಲೂ ಪ್ರಕಟವಾದ ಆತ್ಮಕಥನದಲ್ಲಿ ಆಕೆ ಇದನ್ನು ಮುಚ್ಚುಮರೆಯಿಲ್ಲದೆ ಬರೆದಳು. ಕೆಲಸದಲ್ಲಿದ್ದಾಗ ಮಗುವಿನ ಚಿಂತೆ, ಮಗುವಿನೊಡನಿದ್ದಾಗ ಕೆಲಸದ ಚಿಂತೆ. ಎರಡು ಕಡೆಯೂ ತಪ್ಪಿತಸ್ಥಳೆಂಬ ಭಾವನೆ. ತಾರೆಯರ ಆತ್ಮಕಥೆಗಳಲ್ಲಿ ಸಾಮಾನ್ಯವಾಗಿ ಕಾಣುವ ಬಡಾಯಿ ಅದರಲ್ಲಿಲ್ಲ. ಆಫೀಸಿಗೆ ಹೊರಡುವಾಗ ಸೆರಗು ಹಿಡಿದುಕೊಂಡ ಮಗುವಿನ ಕೈ ಬಿಡಿಸಿದ ಯಾವ ತಾಯಿಗೂ ಆ ಪುಟಗಳು ಪರಕೀಯವೆನಿಸಲಾರವು.

ಈಗ ಮತ್ತೆ ಪಿಯಾನೊ ಇದ್ದ ಆ ಮನೆಗೆ ಬರೋಣ. ತೆರಿಗೆಯ ಆಪಾದನೆಯಿಂದ ನೊಂದು ೧೯೭೬ರಲ್ಲಿ ಸ್ವೀಡನ್ ತೊರೆದಿದ್ದ ಬರ್ಗ್‌ಮನ್ 'ಆಟಮ್ ಸೊನಾಟಾ' ಚಿತ್ರವನ್ನು ಓಸ್ಲೋ ಬಳಿಯ ಸ್ಟುಡಿಯೋದಲ್ಲಿ ತೆಗೆದ. ತಾಯಿಯ ಪಾತ್ರ ವಹಿಸಿದ ಇಂಗ್ರಿಡ್ ೧೯೪೯ರಲ್ಲಿ ಇಟಲಿಯ ದಿಗ್ದರ್ಶಕ ರೊಸೆಲಿನಿಯ ಬಳಿಗೆ ಹೋದಾಗ ಅಮೆರಿಕೆಯಲ್ಲಿ ತನ್ನ ಮಗಳನ್ನು ಬಿಟ್ಟುಹೋಗಿದ್ದವಳು. ಆ ಮಗಳು ಹುಟ್ಟಿದ ವರ್ಷವೂ ೧೯೩೮, ಲಿವ್ ಹುಟ್ಟಿದ ವರ್ಷವೇ. ಚಿತ್ರದಲ್ಲಿ ಕೇಳಿಬರುವ ಪಿಯಾನೊ ನುಡಿಸಿದವಳು ಕೇಬಿ ಲಾರೆಟೈ. ಲಿವ್‌ಳ ಮೇಲೆ ಬರ್ಗ್‌ಮನ್ನನಿಗೆ ಮನಸ್ಸಾದಾಗ ಆತನ ಹೆಂಡತಿಯಾಗಿದ್ದವಳು. ಈವಾಳ ಬಾಲ್ಯದ ದೃಶ್ಯಗಳಲ್ಲಿ, ಅಭ್ಯಾಸ ಮಾಡುತ್ತಿರುವ ತಾಯಿಗಾಗಿ ಕಾಯುವ ಪುಟ್ಟ ಹುಡುಗಿಯಾಗಿ ಕಾಣಿಸಿಕೊಂಡವಳು ಲಿನ್.

ಒಂದು ರಾತ್ರಿ ಈವಾ ತಾಯಿಯೆದುರು ತನ್ನ ಮನಸ್ಸಿನಲ್ಲಿದ್ದುದನ್ನೆಲ್ಲ ಹೊರಗೆಡಹುತ್ತಾಳೆ. ಮುಚ್ಚಿದ ಕೋಣೆಯ ಬಾಗಿಲ ಹೊರಗೆ ಕಾದು ಕುಳಿತ ಗಂಟೆಗಳು, ತಾಯಿ ಊರಿಗೆ ಹೊರಟ ದಿನಗಳು, ರೋಗಿಯಾದ ತಂಗಿಯನ್ನು ದೂರದ ಆಶ್ರಯಗೃಹಕ್ಕೆ ಸೇರಿಸಿ ಮರೆತದ್ದು. 'ಪರ್ಸೋನಾ' ಚಿತ್ರದಲ್ಲಿ ಮಗನನ್ನು ಪ್ರೀತಿಸದ ತಾಯಿಯಾಗಿ ಆಪಾದನೆ ಕೇಳಿದ್ದ ಲಿವ್, ಇಲ್ಲಿ ಮಗಳಾಗಿ ಆಪಾದನೆ ಮಾಡುತ್ತಾಳೆ. ಮಾತಿನ ಆ ರಭಸ ನೋಡುವವರನ್ನು ಬೆಚ್ಚಿಸುತ್ತದೆ. ಮಾರನೆಯ ದಿನ ತಾಯಿ ಹೊರಟುಹೋದಾಗ, ಅಷ್ಟು ಕಟುವಾಗಿ ಆಡಿದ ಈವಾ ಕ್ಷಮೆ ಬೇಡಿ ಕಾಗದ ಬರೆಯುತ್ತಾಳೆ. ತಪ್ಪು ಯಾರದೆಂದು ಚಿತ್ರ ತೀರ್ಮಾನಿಸುವುದಿಲ್ಲ. ಕ್ಯಾಮರಾ ಹೊರಳಿದ ಕೂಡಲೇ ತನ್ನ ಮಗಳನ್ನು ಮನೆಗೆ ಕರೆದುಕೊಂಡು ಹೋಗಬೇಕಾದ ತಾಯಿಯೊಬ್ಬಳು ಆ ಮಾತುಗಳನ್ನು ಆಡಿದಳೆಂಬುದನ್ನು ನೆನೆದಾಗ ಅಭಿನಯವೆಂಬ ವೃತ್ತಿ ಎಷ್ಟು ನಿಷ್ಠುರವಾದುದೆನಿಸುತ್ತದೆ.

೧೯೮೦ರ ಫೆಬ್ರವರಿಯಲ್ಲಿ ಆಕೆಯನ್ನು ಥಾಯ್‌ಲೆಂಡ್ ಮತ್ತು ಕಾಂಬೋಡಿಯಾ ನಡುವಣ ಗಡಿಯಲ್ಲಿ ಕಾಣುತ್ತೇವೆ. ಹಸಿವಿನಿಂದ ಸಾಯುತ್ತಿದ್ದ ಕಾಂಬೋಡಿಯನ್ನರಿಗೆ ಆಹಾರ, ಔಷಧಗಳನ್ನು ಒಯ್ದ ತಂಡದಲ್ಲಿ ಗಾಯಕಿ ಜೋನ್ ಬಾಯೆಜ್, ಲೇಖಕ ಎಲೀ ವೀಸೆಲ್ ಮೊದಲಾದವರ ಜೊತೆಗೆ ಆಕೆಯೂ ಇದ್ದಳು. ಗಡಿಯಾಚೆಗೆ ಹೋಗಲು ಅನುಮತಿ ದೊರೆಯಲಿಲ್ಲ. ಅದೇ ವರ್ಷ ಯುನಿಸೆಫ್ ಸಂಸ್ಥೆ ಆಕೆಯನ್ನು ಸದ್ಭಾವನಾ ರಾಯಭಾರಿಯನ್ನಾಗಿ ನೇಮಿಸಿತು. ಆ ಗೌರವ ಪಡೆದ ಮೊದಲ ಮಹಿಳೆ ಆಕೆ. ೧೯೮೯ರಲ್ಲಿ ನಿರಾಶ್ರಿತ ಮಹಿಳೆಯರಿಗಾಗಿ ಅಮೆರಿಕೆಯಲ್ಲಿ ಸ್ಥಾಪಿತವಾದ ಆಯೋಗದ ಸ್ಥಾಪಕರಲ್ಲಿಯೂ ಒಬ್ಬಳಾದಳು. ತಾರೆಯರು ಇಂತಹ ಕಾರ್ಯಗಳಲ್ಲಿ ಛಾಯಾಚಿತ್ರಕ್ಕೆ ನಿಂತು ಮರಳುವುದೂ ಉಂಟು. ಹುಟ್ಟಿನಿಂದ ಏಳು ವರ್ಷ ತನ್ನ ದೇಶವನ್ನೇ ಕಾಣದಿದ್ದ ಈಕೆ ದಶಕಗಳ ಕಾಲ ಅದನ್ನು ಬಿಡಲಿಲ್ಲ.

ಐವತ್ತು ಸಮೀಪಿಸಿದ ನಟಿಗೆ ಪಾತ್ರಗಳು ಕಡಿಮೆಯಾಗುವುದು ಎಲ್ಲ ದೇಶದ ಚಿತ್ರರಂಗದ ರೀತಿ. ಲಿವ್ ಆಗ ಈಡಿತ್ ಕಾರ್ಲ್ಮಾರ್ ಬಿಟ್ಟುಹೋದ ಸ್ಥಳಕ್ಕೆ, ಕ್ಯಾಮರಾದ ಹಿಂದಕ್ಕೆ ಬಂದಳು. ೧೯೯೨ರಲ್ಲಿ ಕೋಪನ್‌ಹೇಗನ್ನಿನ ಯಹೂದಿ ಸಂಸಾರವೊಂದರ ಕಥೆಯಾದ 'ಸೋಫಿ', ೧೯೯೫ರಲ್ಲಿ ನೊಬೆಲ್ ಪುರಸ್ಕೃತ ಲೇಖಕಿ ಸಿಗ್ರಿಡ್ ಉಂಡ್‌ಸೆಟ್‌ಳ ಕಾದಂಬರಿಯಿಂದ 'ಕ್ರಿಸ್ಟಿನ್ ಲಾವ್ರಾನ್ಸ್‌ಡಾಟರ್'. ತರುವಾಯ ಬರ್ಗ್‌ಮನ್ ತಾನೇ ಬರೆದು, ತಾನು ದಿಗ್ದರ್ಶಿಸದೆ, ಒಂದು ಚಿತ್ರಕಥೆಯನ್ನು ಆಕೆಯ ಕೈಗೆ ಕೊಟ್ಟ. ತಾನು ಹಿಂದೆ ಮಾಡಿದ ಪ್ರೇಮದ್ರೋಹವೊಂದರ ತಪ್ಪೊಪ್ಪಿಗೆಯಂತಿದ್ದ 'ಫೇಯ್ತ್‌ಲೆಸ್' ಅದು. ೨೦೦೦ದಲ್ಲಿ ಕಾನ್ ಉತ್ಸವದ ಸ್ಪರ್ಧೆಯಲ್ಲಿ ಪ್ರದರ್ಶಿತವಾಯಿತು. ಪ್ರೇಮಿಗಳ ಸುಖದುಃಖಗಳ ನಡುವೆ ಆಕೆಯ ಕ್ಯಾಮರಾ ಮತ್ತೆ ಮತ್ತೆ ಒಂದು ಮಗುವಿನ ಕಡೆಗೆ ತಿರುಗುತ್ತದೆ. ಹಿರಿಯರು ಸಂಸಾರವನ್ನು ಒಡೆಯುತ್ತಿರುವಾಗ ಎಲ್ಲವನ್ನೂ ಕೇಳಿಸಿಕೊಳ್ಳುತ್ತಿರುವ ಪುಟ್ಟ ಹುಡುಗಿ ಇಸಾಬೆಲ್‌ಳ ಮುಖವದು. ಪಿಟೀಲು ತಾನಾಗಿ ನುಡಿದದ್ದು ಅಲ್ಲಿ.

೨೦೦೩ರಲ್ಲಿ ಬರ್ಗ್‌ಮನ್ ತೆಗೆದ ಕೊನೆಯ ಚಿತ್ರ 'ಸರಬಾಂದ್'ನಲ್ಲಿ ಆಕೆ ಆತನಿಗಾಗಿ ಕಡೆಯ ಸಲ ನಟಿಸಿದಳು. ೨೦೦೭ರ ಜುಲೈ ೩೦ರಂದು ಬರ್ಗ್‌ಮನ್ ಫೋರೋ ದ್ವೀಪದಲ್ಲಿ ನಿಧನನಾದ. ಅಂದು ತಾಯಿಗಾಗಿ ಕಾಯುವ ಹುಡುಗಿಯಾಗಿದ್ದ ಲಿನ್ ಉಲ್ಮನ್ ನಾರ್ವೆಯ ಹೆಸರಾಂತ ಕಾದಂಬರಿಕಾರ್ತಿಯಾಗಿ, ತಂದೆ ತಾಯಿ ಮತ್ತು ತನ್ನ ಬಾಲ್ಯವನ್ನೇ ವಸ್ತುವಾಗಿಸಿಕೊಂಡು ೨೦೧೫ರಲ್ಲಿ ಒಂದು ಕಾದಂಬರಿ ಬರೆದಳು. ಎರಡು ಸಲ ಕೈತಪ್ಪಿದ್ದ ಆಸ್ಕರ್ ೨೦೨೨ರ ಮಾರ್ಚಿನಲ್ಲಿ ಗೌರವ ಪ್ರಶಸ್ತಿಯ ರೂಪದಲ್ಲಿ ಲಿವ್‌ಳಿಗೆ ಬಂದಿತು.

ಈ ಕಥೆಗೆ ಒಂದು ಭಾರತೀಯ ನಂಟೂ ಉಂಟು. ಲಿವ್ ಮತ್ತು ಬರ್ಗ್‌ಮನ್‌ರ ಸಂಬಂಧವನ್ನು ಆಕೆಯ ಬಾಯಿಂದಲೇ ಕೇಳಿಸುವ 'ಲಿವ್ ಅಂಡ್ ಇಂಗ್ಮಾರ್' ಸಾಕ್ಷ್ಯಚಿತ್ರವನ್ನು ೨೦೧೨ರಲ್ಲಿ ಮಾಡಿದವರು ನಮ್ಮ ದೇಶದ ಧೀರಜ್ ಅಕೋಲ್ಕರ್. ದ್ವೀಪದ ಆ ಮನೆಯಲ್ಲಿ ಕುಳಿತು, ಬಹಳ ಕಾಲ ಕೇಳುವವಳಾಗಿದ್ದ ಆಕೆ ಮಾತನಾಡುತ್ತಾಳೆ, ಕ್ಯಾಮರಾ ಕೇಳುತ್ತದೆ. ಆ ಮನೆಯ ಬಾಗಿಲೊಂದರ ಮೇಲೆ ಅವರಿಬ್ಬರೂ ಒಟ್ಟಿಗಿದ್ದ ಕಾಲದಲ್ಲಿ ದಿನಕ್ಕೊಂದರಂತೆ ಬರೆದಿಟ್ಟ ಗುರುತುಗಳಿವೆ: ಒಳ್ಳೆಯ ದಿನಗಳಿಗೆ ಹೃದಯದ ಆಕೃತಿ, ಕೆಟ್ಟ ದಿನಗಳಿಗೆ ಕಣ್ಣೀರಿನ ಹನಿ, ಶಿಲುಬೆ. ಯಾರೂ ಅವನ್ನು ಅಳಿಸಿಲ್ಲ.